ಸುರುಳಿಯ ಆಯುಷ್ಯ

1934ನೆಯ ಇಸವಿ ಮಾರ್ಚಿ 3ನೆಯ ತಾರೀಖು ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ತೆರೆಯ ಮೇಲೆ ಬಂದಿತು. ನಿರ್ದೇಶಕರು ವೈ. ವಿ. ರಾವ್, ತೆಗೆದುದು ಕೊಲ್ಹಾಪುರದಲ್ಲಿ. ಸುಬ್ಬಯ್ಯನಾಯಿಡು ಇಂದ್ರಜಿತುವಾದರು, ತ್ರಿಪುರಾಂಬ ಸುಲೋಚನೆಯಾದರು, ನಾಗೇಂದ್ರರಾಯರು ರಾವಣನಾದರು. ಇಷ್ಟೆಲ್ಲ ವಿವರವೂ ಉಳಿದಿದೆ, ಉಳಿಯದಿರುವುದು ಚಿತ್ರವೊಂದೇ. ಅದರ ಒಂದು ಪ್ರತಿಯೂ ದೊರೆತಿಲ್ಲ.

ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ವು ಉಳಿದುಬಂದಿರುವಾಗ, ನೂರು ವರ್ಷ ತುಂಬದ ಚಿತ್ರವು ಅಳಿದುದು ಹೇಗೆ? ಓಲೆಗರಿಯೂ ಚಿರಂಜೀವಿಯಲ್ಲ. ಗರಿ ಶಿಥಿಲವಾಗುವ ಮೊದಲೇ ಲಿಪಿಕಾರನೊಬ್ಬನು ಅದನ್ನು ಹೊಸ ಗರಿಗೆ ಇಳಿಸಿದನು. ಆದುದರಿಂದ ಕಾವ್ಯವು ಬದುಕಿತು. ಚಿತ್ರಕ್ಕೆ ಅಂಥ ಲಿಪಿಕಾರನು ದೊರೆಯಲಿಲ್ಲ. ಅಂದಿನ ನೈಟ್ರೇಟ್ ಫಿಲ್ಮಿಗೆ ಬೆಂಕಿ ತಗುಲಿದರೆ ನೀರಿನಿಂದಲೂ ಆರದು. ಉರಿಯುವುದಕ್ಕೆ ಬೇಕಾದ ಆಮ್ಲಜನಕವನ್ನು ಅದು ತಾನೇ ಹುಟ್ಟಿಸಿಕೊಳ್ಳುವುದು. ಉರಿಯದೆ ಉಳಿದುದು ಡಬ್ಬಿಯೊಳಗೇ ಅಂಟಾಗಿ, ಕಡೆಗೆ ಪುಡಿಯಾಗುವುದು. ಓಟ ಮುಗಿದ ಚಿತ್ರಕ್ಕೆ ಬೆಲೆಯಿರಲಿಲ್ಲ, ಫಿಲ್ಮಿನಲ್ಲಿದ್ದ ಬೆಳ್ಳಿಗೆ ಬೆಲೆಯಿತ್ತು. ಎಷ್ಟೋ ಸುರುಳಿಗಳು ಬೆಳ್ಳಿಗಾಗಿಯೇ ಕರಗಿದುವು. ವ್ಯಾಪಾರಿಯನ್ನು ದೂರುವುದು ಸುಲಭ. ಆದರೆ ಅವನಾದರೂ ಬೆಂಕಿಯ ಡಬ್ಬಿಗಳನ್ನು ಮಂಚದ ಕೆಳಗಿಟ್ಟುಕೊಂಡು ಮಲಗಬೇಕಾಗಿತ್ತೇ?

ಪುಣೆಯಲ್ಲಿ ಸರ್ಕಾರದ ಚಿತ್ರಭಂಡಾರ ಸ್ಥಾಪಿತವಾದುದು 1964ರಲ್ಲಿ. ಪಿ. ಕೆ. ನಾಯರ್ ಅವರು ಊರೂರು ಅಲೆದು ಡಬ್ಬಿಗಳನ್ನು ಕೂಡಿಸಿದರು. ಆ ಭಂಡಾರದ ಫಲವನ್ನು ಕನ್ನಡವೂ ಉಂಡಿದೆ. ಗಿರೀಶ ಕಾಸರವಳ್ಳಿಯವರ 1977ರ ‘ಘಟಶ್ರಾದ್ಧ’ದ ಮೂಲ ನೆಗೆಟಿವ್ ಅಲ್ಲಿ ಉಳಿದಿದ್ದುದರಿಂದ, ಫಿಲ್ಮ್ ಹೆರಿಟೇಜ್ ಫೌಂಡೇಷನ್ ಮೊದಲಾದವರು ಅದನ್ನು ಜೀರ್ಣೋದ್ಧಾರ ಮಾಡಿದರು, 2024ರಲ್ಲಿ ವೆನಿಸ್ಸಿನ ಉತ್ಸವದಲ್ಲಿ ಅದು ಪ್ರದರ್ಶಿತವಾಯಿತು. ಇದು ಯಂತ್ರದ ಗುಂಡಿಯೊತ್ತಿ ಮುಗಿಸುವ ಕೆಲಸವಲ್ಲ. ಸೆಕೆಂಡಿಗೆ 24 ಬಿಂಬಗಳಂತೆ ಎರಡು ಗಂಟೆಯ ಚಿತ್ರಕ್ಕೆ 1,72,800 ಬಿಂಬಗಳಾಗುವುವು. ಅವುಗಳ ಗೀರು, ಕಲೆ, ಧೂಳುಗಳನ್ನೆಲ್ಲ ನೋಡಿ ತೆಗೆಯಬೇಕು.

ಮನೆಗಳಲ್ಲಿರುವ ಸುರುಳಿಗಳಿಗೂ ಆಯುಷ್ಯವುಂಟು. ಮಾಗಡಿ ರಸ್ತೆಯ ಕಾಮಾಕ್ಷಿಪಾಳ್ಯದ ಗೃಹಸ್ಥರೊಬ್ಬರ ಅಟ್ಟದ ಮೇಲೆ ಅವರ ಮದುವೆಯ ವೀಡಿಯೋ ಕ್ಯಾಸೆಟ್ ಇದೆ. ಅವರಿಗೆ ಅದರಲ್ಲಿ ಬೇಕಾದುದು ಮಾಂಗಲ್ಯಧಾರಣೆಯಲ್ಲ. ತೀರಿಹೋದ ತಾಯಿಯವರು ಯಾರನ್ನೋ ಊಟಕ್ಕೆ ಕರೆಯುವ ದನಿ. ಗೋಡೆಯ ಮೇಲಿನ ಭಾವಚಿತ್ರದಲ್ಲಿ ಆ ದನಿಯಿಲ್ಲ. ಕ್ಯಾಸೆಟ್ಟಿನ ಪಟ್ಟಿಗೆ ಬಿಳಿಯ ಬೂಷ್ಟು ಹಿಡಿದಿದೆ. ಆಡಿಸುವ ಯಂತ್ರವೂ ದುರ್ಲಭವಾಗಿದೆ. ಜಪಾನಿನ ಫುನಾಯ್ ಕಂಪೆನಿಯು ಅಂಥ ಯಂತ್ರಗಳ ತಯಾರಿಕೆಯನ್ನು 2016ರ ಜುಲೈಯಲ್ಲಿಯೇ ನಿಲ್ಲಿಸಿತು.

ಬೂಷ್ಟು ಹಿಡಿದುದನ್ನು ಹಾಗೆಯೇ ಆಡಿಸಲಾಗದು. ಪಟ್ಟಿ ಹರಿಯಬಹುದು, ಬೂಷ್ಟು ಯಂತ್ರದ ಮೂಲಕ ಮುಂದಿನ ಕ್ಯಾಸೆಟ್ಟಿಗೂ ಅಂಟಬಹುದು. ಬಲ್ಲವರಿಂದ ಶುಚಿಮಾಡಿಸಿ, ಎರಡು ಪ್ರತಿಗಳನ್ನು ತೆಗೆಯಿಸಿ, ಒಂದನ್ನು ಬೇರೊಂದು ಮನೆಯಲ್ಲಿ ಇರಿಸುವುದು ಲೇಸು. ಪ್ರತಿ ಕೈಗೆ ಬಂದೊಡನೆ ಮೂಲವನ್ನು ಗುಜರಿಗೆ ಹಾಕುವ ಆತುರ ಬೇಡ. ಇಸವಿಯನ್ನೂ ಜನರ ಹೆಸರುಗಳನ್ನೂ ಬರೆದಿಡುವ ಕೆಲಸವನ್ನಂತೂ ಮನೆಯ ಹಿರಿಯರು ಇರುವಾಗಲೇ ಮಾಡಬೇಕು. ಚಪ್ಪರದ ಮೂಲೆಯಲ್ಲಿ ಹೂ ಕಟ್ಟುತ್ತ ಕುಳಿತಿರುವ ಮುದುಕಿ ಯಾರೆಂಬುದನ್ನು ಹೇಳಬಲ್ಲವರು ಅವರೊಬ್ಬರೇ.