ಮಾರುತ್‌ನ ಮುಂದೆ ತಾತ

ಪದವಿ ತರಗತಿಯಲ್ಲಿ ಓದುವ ಆ ಹುಡುಗನಿಗೆ ಸಾಕ್ಷ್ಯಚಿತ್ರ ಮಾಡುವ ಹುಚ್ಚು. ಆರಿಸಿಕೊಂಡ ವಿಷಯ, ಬೆಂಗಳೂರಿನಲ್ಲೇ ಹುಟ್ಟಿದ ಮಾರುತ್ ಯುದ್ಧವಿಮಾನ. 'ಪರೀಕ್ಷೆ ಹತ್ತಿರ ಬಂತು. ಹಾರದೇ ಇರೋ ವಿಮಾನದ ಸಿನಿಮಾ ಯಾರು ನೋಡ್ತಾರೋ?' ಎಂದು ಅಮ್ಮನ ಗೊಣಗಾಟ.

ಹುಡುಗ ಮೊದಲು ಪುಸ್ತಕ ತಿರುವಿದ. ವಾಲ್‌ಚಂದ್ ಹೀರಾಚಂದ್ ಅವರು ಮೈಸೂರು ಸಂಸ್ಥಾನದ ನೆರವಿನಿಂದ 1940ರಲ್ಲಿ ಇಲ್ಲಿ ವಿಮಾನ ಕಾರ್ಖಾನೆ ತೆರೆದದ್ದು, 1956ರಲ್ಲಿ ಜರ್ಮನಿಯ ವಿನ್ಯಾಸಕಾರ ಕುರ್ಟ್ ಟ್ಯಾಂಕ್ ಬಂದದ್ದು, 1959ರಲ್ಲಿ ಎಂಜಿನ್ ಇಲ್ಲದ ಮರದ ಮಾದರಿಯನ್ನು ಡಕೋಟಾ ವಿಮಾನದಿಂದ ಎಳೆಸಿ ಹಾರಿಸಿ ನೋಡಿದ್ದು, 1961ರ ಜೂನ್ 17ರಂದು ಸುರಂಜನ್ ದಾಸ್ ಮಾರುತ್ ಹಾರಿಸಿದ್ದು ಎಲ್ಲ ಸಿಕ್ಕಿತು. ತಕ್ಕ ಎಂಜಿನ್ ದೊರೆಯದೆ ಅಂದುಕೊಂಡ ವೇಗ ಅದಕ್ಕೆ ದಕ್ಕಲಿಲ್ಲ. ಆದರೂ 1971ರ ಯುದ್ಧದಲ್ಲಿ ರಾಜಸ್ಥಾನದ ಗಡಿಯಲ್ಲಿ ಕೆಲಸಕ್ಕೆ ಬಂತು. 1990ರ ಹೊತ್ತಿಗೆ ಸೇವೆಯಿಂದ ಮರೆಯಾಯಿತು.

ಇಷ್ಟೆಲ್ಲ ಸೇರಿಸಿದರೂ ಚಿತ್ರ ಪಾಠ ಒಪ್ಪಿಸಿದಂತಿತ್ತು. ಮನೆಯಲ್ಲಿ ತಾತ ಇದ್ದರು. ಎಪ್ಪತ್ತರ ದಶಕದಲ್ಲಿ ಇದೇ ವಿಮಾನಕ್ಕೆ ರಿವೆಟ್ ಹೊಡೆದವರು. ಕೇಳಿದರೆ, 'ಏನಿದೆ ಹೇಳೋಕೆ? ಹೋದೆ, ದುಡಿದೆ, ಬಂದೆ' ಎನ್ನುತ್ತಿದ್ದರು.

ಒಂದು ದಿನ ಅವರನ್ನು ವಿಮಾನಪುರದ ಎಚ್‌ಎಎಲ್ ವಸ್ತುಸಂಗ್ರಹಾಲಯಕ್ಕೆ ಕರೆದೊಯ್ದ. ಮಾರುತ್ ಕಂಡದ್ದೇ ತಾತ ನಿಂತುಬಿಟ್ಟರು. ಮುಟ್ಟಲಿಲ್ಲ. ರಿವೆಟ್ ಸಾಲಿನ ಗುಂಟ ಗಾಳಿಯಲ್ಲೇ ಬೆರಳು ಆಡಿಸಿದರು. 'ನಿಮ್ಮ ಕೆಲಸ ಏನಿತ್ತು?' ಎಂದು ಕೇಳುತ್ತಿದ್ದ ಹುಡುಗ ಈಗ, 'ಹೇಗೆ ಹೊಡೀತಿದ್ರಿ ತಾತ?' ಎಂದ.

ಮಾತು ಹರಿಯಿತು. ಹೊರಗೆ ಒಬ್ಬ ಗನ್ ಹಿಡಿಯಬೇಕು, ಒಳಗೆ ಇನ್ನೊಬ್ಬ ಕಬ್ಬಿಣದ ಗಟ್ಟಿಯೊತ್ತಿ ಕೂರಬೇಕು. ಒಬ್ಬರ ಮುಖ ಒಬ್ಬರಿಗೆ ಕಾಣದು. ತಗಡಿನ ಮೇಲೆ ತಟ್ಟಿಯೇ ಮಾತು: ಸರಿಯಿದೆ, ಇನ್ನೊಂದು ಏಟು ಬೇಕು. ಕೈ ಸ್ವಲ್ಪ ಜಾರಿದರೂ ತಗಡು ತಗ್ಗು. 'ಒಳಗೆ ಕೂರ್ತಿದ್ದವನು ಹೋಗಿ ಮೂರು ವರ್ಷ ಆಯ್ತು ಕಣೋ. ಅವನನ್ನ ಕೇಳಿದ್ರೆ ಇನ್ನೂ ಚೆನ್ನಾಗಿ ಹೇಳ್ತಿದ್ದ.'

ಆ ರಾತ್ರಿ ಅಮ್ಮನೂ ಕೂತು ನೋಡಿದರು. ಮಾವ ಅಷ್ಟು ಮಾತನಾಡಿದ್ದನ್ನು ಅವರು ಕಂಡೇ ಇರಲಿಲ್ಲ. ಮುಗಿದ ಮೇಲೆ ಒಂದು ಹಾಳೆ ತಂದು, ತಾತನ ಜೊತೆಗಾರರಲ್ಲಿ ಉಳಿದವರ ಹೆಸರು ಬರೆದುಕೊಂಡರು. ನಾಲ್ಕೇ ಹೆಸರು.

'ಪರೀಕ್ಷೆ ಮುಗಿಯೋವರೆಗೆ ಕಾಯೋದು ಬೇಡ,' ಎಂದರು ಅಮ್ಮ. 'ಈ ಭಾನುವಾರವೇ ಒಬ್ಬರ ಮನೆಗೆ ಹೋಗಿ ಬಾ.'