ಟಾಕೀಸು ಕೊಂಡ ಎಂಜಿನಿಯರ್‌ಗಳು

ಸ್ಯಾನ್ ಫ್ರಾನ್ಸಿಸ್ಕೋದಿಂದ ಗೋಲ್ಡನ್ ಗೇಟ್ ಸೇತುವೆ ದಾಟಿ, 101ನೇ ಹೆದ್ದಾರಿಯಲ್ಲಿ ಉತ್ತರಕ್ಕೆ ಸುಮಾರು ಒಂದು ಗಂಟೆ ಹೋದರೆ ಪೆಟಲೂಮಾ ಸಿಗುತ್ತೆ. ಬೇ ಏರಿಯಾದ ನಮ್ಮವರು ವೀಕೆಂಡ್ ಬಂದ್ರೆ ನಾಪಾ ಕಡೆ ಓಡ್ತಾರೆ, ಇಲ್ಲಿ ನಿಲ್ಲೋರು ಕಡಿಮೆ. ನಾನೂ ನಿಂತಿದ್ದು ಕಾಫಿಗೆ. ಅರವತ್ತು ಸಾವಿರದಷ್ಟು ಜನ ಇರೋ ಊರು. ಒಂದು ಕಾಲಕ್ಕೆ ಇದನ್ನ 'ಜಗತ್ತಿನ ಮೊಟ್ಟೆ ರಾಜಧಾನಿ' ಅಂತಿದ್ರಂತೆ. ಕೋಳಿಮೊಟ್ಟೆಗೆ ಕಾವು ಕೊಡೋ ಯಂತ್ರ 1879ರಲ್ಲಿ ಇಲ್ಲೇ ತಯಾರಾಗಿತ್ತು.

ಕಾಫಿ ಕುಡಿದು ವಾಷಿಂಗ್ಟನ್ ಸ್ಟ್ರೀಟ್‌ನಲ್ಲಿ ನಡೀತಿದ್ದಾಗ ಫೀನಿಕ್ಸ್ ಥಿಯೇಟರ್ ಕಣ್ಣಿಗೆ ಬಿತ್ತು. ಹೊರಗಿನಿಂದ ನೋಡಿದ್ರೆ ನಮ್ಮ ತಾಲ್ಲೂಕು ಊರುಗಳ ಹಳೇ ಟಾಕೀಸೇ. ಬಾಗಿಲ ಹತ್ತಿರ ಸ್ಕೇಟ್‌ಬೋರ್ಡ್ ಹಿಡಿದ ಹೈಸ್ಕೂಲ್ ಹುಡುಗರು. ಒಳಗೆ ಹೋದ್ರೆ ಕೆಳಗೆ ಕುರ್ಚಿಗಳೇ ಇಲ್ಲ! ಗಾಂಧಿ ಕ್ಲಾಸ್ ಇರಬೇಕಾದ ಕಡೆ ಖಾಲಿ ನೆಲ, ಸ್ಕೇಟ್ ಮಾಡೋಕೆ ರ‍್ಯಾಂಪು. ಗೋಡೆ ತುಂಬಾ ಬಣ್ಣ, ಚಿತ್ರ, ಗೀಚು. ಪರದೆ ಇರಬೇಕಾದಲ್ಲಿ ಡ್ರಮ್ಸು, ಆಂಪ್ಲಿಫೈಯರ್ರು.

ಇಪ್ಪತ್ತನೇ ಶತಮಾನದ ಆರಂಭದಲ್ಲಿ ಇದು ಹಿಲ್ ಆಪರಾ ಹೌಸ್. 1920ರ ದಶಕದಲ್ಲಿ ಬೆಂಕಿ ಬಿತ್ತು. ಮತ್ತೆ ಕಟ್ಟಿ ಸಿನಿಮಾ ಮಂದಿರ ಮಾಡಿದ್ರು. 1957ರಲ್ಲಿ ಮತ್ತೆ ಬೆಂಕಿ. ಫೀನಿಕ್ಸ್ ಅನ್ನೋ ಹೆಸರು ಬಂದಿದ್ದು 1980ರ ದಶಕದಲ್ಲಿ. ಬೂದಿಯಿಂದ ಎದ್ದು ಬರೋ ಹಕ್ಕಿಯ ಹೆಸರು, ಇದಕ್ಕಿಂತ ಒಪ್ಪೋದು ಬೇರೆ ಯಾವುದಿದೆ? ಸಿನಿಮಾಕ್ಕೆ ಜನ ಕಡಿಮೆಯಾದ ಹಾಗೆ ಸಂಗೀತ ಜಾಸ್ತಿ ಆಯ್ತು. ಮೆಟಾಲಿಕಾ, ಗ್ರೀನ್ ಡೇ ಇಲ್ಲಿ ನುಡಿಸಿದ್ದಾರೆ. ಸಬ್‌ಲೈಮ್ ತಂಡದ ಗಾಯಕ ಬ್ರಾಡ್ಲಿ ನೋವೆಲ್ 1996ರ ಮೇ ತಿಂಗಳಲ್ಲಿ ತೀರಿಕೊಳ್ಳೋ ಹಿಂದಿನ ರಾತ್ರಿ ಹಾಡಿದ್ದೂ ಈ ವೇದಿಕೆ ಮೇಲೆಯೇ. ಈ ಜಾಗವನ್ನ ದಶಕಗಳಿಂದ ನೋಡಿಕೊಂಡು ಬಂದಿರೋ ಟಾಮ್ ಗ್ಯಾಫಿ, ಚಿಕ್ಕ ಹುಡುಗನಾಗಿದ್ದಾಗ ಇದೇ ಥಿಯೇಟರಿನಲ್ಲಿ ಕೆಲಸ ಮಾಡ್ತಿದ್ದವರು.

ನನ್ನನ್ನ ಹಿಡಿದು ನಿಲ್ಲಿಸಿದ್ದು ಮಾತ್ರ ಬೇರೆ ಕತೆ. 1990ರ ದಶಕದ ಕೊನೆಗೆ ಪೆಟಲೂಮಾ ಸುತ್ತಮುತ್ತ ಟೆಲಿಕಾಂ ಕಂಪನಿಗಳ ಭರಾಟೆ. ಇಲ್ಲಿನ ಸೆರೆಂಟ್ ಅನ್ನೋ ಪುಟ್ಟ ಕಂಪನಿಯನ್ನ 1999ರಲ್ಲಿ ಸಿಸ್ಕೊ ಸುಮಾರು 690 ಕೋಟಿ ಡಾಲರ್ ಬೆಲೆಗೆ ಕೊಂಡುಕೊಳ್ತು. ಷೇರು ಇದ್ದ ಉದ್ಯೋಗಿಗಳು ರಾತ್ರೋರಾತ್ರಿ ಶ್ರೀಮಂತರು. ಅದೇ ಹೊತ್ತಿಗೆ ಈ ಥಿಯೇಟರು ಕೈಬದಲಾಗಿ ಆಫೀಸ್ ಆಗೋದರಲ್ಲಿತ್ತು. ಆಗ ಟೆಲಿಕಾಂ ಉದ್ಯೋಗಿಗಳೇ ಕೆಲವರು ದುಡ್ಡು ಹಾಕಿ ಕಟ್ಟಡ ಕೊಂಡ್ರು. ಲಾಭಕ್ಕಲ್ಲ, ಊರಿನ ಮಕ್ಕಳಿಗೆ ಇರಲಿ ಅಂತ. ಈಗ ಅದು ಲಾಭರಹಿತ ಸಂಸ್ಥೆಯೊಂದರ ಕೈಯಲ್ಲಿದೆ.

ನಮ್ಮಂಥವರೇ ತಾನೇ ಅವರೂ? ಡೆಡ್‌ಲೈನು, ಅಪ್ರೈಸಲ್ಲು, ಸ್ಟಾಕ್ ಆಪ್ಷನ್ನು.

ನಮ್ಮೂರಲ್ಲಿ ಒಂದೇ ಒಂದು ಟಾಕೀಸ್ ಇತ್ತು. ಅಪ್ಪನ ಹೆಗಲ ಮೇಲೆ ಕೂತು ಮೊದಲ ಸಿನಿಮಾ ನೋಡಿದ್ದು ಅಲ್ಲೇ. ಅದನ್ನ ಒಡೆದಾಗ ಶಾಲೆಯ ವಾಟ್ಸಾಪ್ ಗ್ರೂಪಿಗೆ ಫೋಟೋ ಬಂತು. ನಾನು ಆಫೀಸ್ ಮೀಟಿಂಗಲ್ಲಿದ್ದೆ. ಅಳೋ ಇಮೋಜಿ ಒಂದು ಹಾಕಿ ಫೋನು ಮಗುಚಿಟ್ಟೆ. ಗ್ರೂಪಿನಲ್ಲಿ ಸಾಫ್ಟ್‌ವೇರ್‌ನವರೇ ಹನ್ನೊಂದು ಜನ ಇದ್ವಿ. ಜಾಗ ಎಷ್ಟಕ್ಕೆ ಹೋಯ್ತು ಅಂತ ಇಬ್ಬರು ಕೇಳಿದ್ರು. ನಾವು ಏನಾದ್ರೂ ಮಾಡಬಹುದಿತ್ತಾ ಅಂತ ಯಾರೂ ಕೇಳಲಿಲ್ಲ, ನಾನೂ ಸೇರಿ. ಅಷ್ಟು ದುಡ್ಡು ನಮ್ಮಲ್ಲಿ ಇರಲಿಲ್ಲ ಅನ್ನೋದು ನಿಜ. ಆದ್ರೆ ಕೇಳೋಕೆ ದುಡ್ಡು ಬೇಕಿರಲಿಲ್ಲವಲ್ಲ.

ಆ ಸಂಜೆ ಅಲ್ಲೇ ಉಳಿದೆ. ವೇದಿಕೆ ಮೇಲೆ ಹದಿನಾರು, ಹದಿನೇಳರ ನಾಲ್ಕು ಹುಡುಗರು. ನಿಜ ಹೇಳ್ಬೇಕಂದ್ರೆ ಶ್ರುತಿಯೂ ಇಲ್ಲ, ತಾಳವೂ ಇಲ್ಲ. ಗಿಟಾರಿನ ತಂತಿ ಕಡಿದು ಹಾಡು ಅರ್ಧಕ್ಕೇ ನಿಂತಾಗ, ಕೆಳಗೆ ನಿಂತಿದ್ದ ಒಬ್ಬಳು ತನ್ನ ಗಿಟಾರನ್ನೇ ವೇದಿಕೆ ಮೇಲೆ ಚಾಚಿದ್ಲು. ಅದೇ ಹಾಡನ್ನ ಮತ್ತೆ ಮೊದಲಿಂದ ಶುರು ಮಾಡಿದ್ರು.