ಜಗಿಯೋ ಶಾವಿಗೆ, ಜಗಿಯದೇ ಇಳಿಯೋ ಶಾವಿಗೆ

ಭತ್ತ ಒಕ್ಕಿ ಚೀಲ ಕಟ್ಟಿದ ಮೇಲೆ ಮೂರು ವಾರ ನಾನು ಇಲ್ಲಿ ಏನೂ ಬರೀಲಿಲ್ಲ. ಎಲ್ಲಿ ಹೋದ್ರಿ ಅಂತ ಕೆಲವರು ಫೋನ್ ಮಾಡಿ ವಿಚಾರಿಸಿದ್ರಿ. ನಮ್ಮನೆಯವಳಿಗೆ ಕೆಳ ದವಡೆಯಲ್ಲಿ ಒಂದು ಗಂಟು ಆಗಿತ್ತು, ಶಿವಮೊಗ್ಗದಲ್ಲಿ ಆಪರೇಷನ್ ಮಾಡಿಸಿದ್ವಿ. ಹೆದರೋ ಅಂಥದ್ದಲ್ಲ ಅಂತ ರಿಪೋರ್ಟ್ ಬಂತು, ಅಲ್ಲಿಗೆ ಅರ್ಧ ಜೀವ ಬಂತು. ಆದ್ರೆ ಡಾಕ್ಟ್ರು, ಆರು ವಾರ ಏನನ್ನೂ ಜಗಿಯಂಗಿಲ್ಲ ಅಂದ್ಬಿಟ್ರು. ಮೂರು ದಿನಕ್ಕೊಮ್ಮೆ ಬಂದು ತೋರಿಸ್ಬೇಕು. ನಮ್ಮೂರು ಹೊನ್ನಾಳಿ ಕಡೆ, ಆ ರಸ್ತೆಯಲ್ಲಿ ಬಸ್ಸಿನ ಕುಲುಕಾಟ ಅವಳಿಗೆ ಆಗಲ್ಲ. ಹಂಗಾಗಿ ಭದ್ರಾವತಿಯಲ್ಲಿ ಅವಳ ಅಕ್ಕನ ಮನೆಯಲ್ಲಿ ಉಳ್ಕೊಂಡ್ವಿ. ಅಲ್ಲಿಂದ ಶಿವಮೊಗ್ಗಕ್ಕೆ ಅರ್ಧ, ಮುಕ್ಕಾಲು ಗಂಟೆ ದಾರಿ.

ಮೊದಲ ನಾಲ್ಕು ದಿನ ಗಂಜಿ, ರಾಗಿ ಅಂಬಲಿ, ಹಾಲು. ಐದನೇ ದಿನ ಲೋಟ ಪಕ್ಕಕ್ಕೆ ಸರಿಸಿದಳು. ಆರನೇ ದಿನವೂ ಅದೇ. ಜಗಳ ಇಲ್ಲ, ಮಾತಿಲ್ಲ, ಸುಮ್ನೆ ಸರಿಸೋದು. ತೂಕ ನೋಡಿದ್ರೆ ನಾಲ್ಕು ಕೆಜಿ ಇಳಿದಿತ್ತು. ಹೊಲದಲ್ಲಿ ಪೈರು ಹಳದಿ ಆದ್ರೆ ಏನು ಹಾಕ್ಬೇಕು ಅಂತ ನನಗೆ ಗೊತ್ತು. ಇಲ್ಲಿ ಏನು ಮಾಡ್ಬೇಕು ಅಂತ ತಿಳೀಲಿಲ್ಲ.

ಅದೇ ಸಮಯಕ್ಕೆ ಅತ್ತಿಗೆ ಮಗ ಸಂಕ್ರಾಂತಿಗೆ ರಜ ಹಾಕಿ ಬಂದಿದ್ದ. ಜಪಾನಿನ ಒಸಾಕಾದಲ್ಲಿ ಅವನ ಕೆಲಸ. ಭಾವ ಕಬ್ಬಿಣದ ಕಾರ್ಖಾನೆ ಮೆಷಿನ್ ಶಾಪಿನಲ್ಲಿ ಇದ್ದು ರಿಟೈರ್ ಆದವರು, ಅವರಿಗೆ ಮಗ ಜಪಾನಲ್ಲಿರೋದು ದೊಡ್ಡ ಹೆಮ್ಮೆ. 'ಸರ್ ಎಂ.ವಿ. 1898ರಲ್ಲೇ ಜಪಾನ್ ನೋಡಿ ಬಂದವರು, ಆಮೇಲೆ ತಾನೇ ಈ ಊರಲ್ಲಿ ಕಬ್ಬಿಣ ಕರಗಿದ್ದು' ಅಂತ ಯಾರು ಬಂದ್ರೂ ಒಂದ್ಸಲ ಹೇಳ್ತಾರೆ. ಕಾರ್ಖಾನೆಯಲ್ಲಿ ಕಬ್ಬಿಣ ಬರೋಕೆ ಶುರುವಾಗಿದ್ದು 1923ರಲ್ಲಿ, ಆಗ ಕುಲುಮೆಗೆ ಉರಿ ನಮ್ಮ ಮಲೆನಾಡಿನ ಮರದ ಇದ್ದಿಲು. ಇರ್ಲಿ, ಅದು ಬೇರೆ ದಿನ ಬರೆಯೋ ವಿಷಯ.

ಆ ಹುಡುಗ ಅಲ್ಲಿ ದುಡ್ಡು ಕೊಟ್ಟು ಒಂದು ದಿನದ ಅಡುಗೆ ಕ್ಲಾಸಿಗೆ ಹೋಗಿದ್ನಂತೆ. ಊರು ನೋಡೋಕೆ ಬಂದ ಬೇರೆ ದೇಶದವರನ್ನೆಲ್ಲ ಕೂರಿಸಿಕೊಂಡು ರಾಮೆನ್ ಮಾಡೋದನ್ನ ಕೈಯಲ್ಲೇ ಮಾಡಿಸಿ ಕಲಿಸ್ತಾರೆ. ರಾಮೆನ್ ಅಂದ್ರೆ ಬಿಸಿ ಸಾರಿನಲ್ಲಿ ಮುಳುಗಿಸಿದ ಗೋಧಿ ಶಾವಿಗೆ. ಮೂಲ ಚೀನಾದವರದ್ದು, ಜಪಾನಿಗೆ ಹೋಗಿ ಅವರದ್ದೇ ಆಯ್ತು. ನಮ್ಮ ಅಂಗಡಿಯಲ್ಲಿ ಸಿಗೋ ಎರಡು ನಿಮಿಷದ ಪೊಟ್ಟಣದ ಜಾತಿ ಶುರುವಾಗಿದ್ದೂ ಅಲ್ಲೇ. 1958ರಲ್ಲಿ ಮೊಮೊಫುಕು ಆಂಡೊ ಅನ್ನೋರು ಒಸಾಕಾ ಪಕ್ಕದ ಇಕೆದಾದಲ್ಲಿ ಶಾವಿಗೆಯನ್ನ ಎಣ್ಣೆಯಲ್ಲಿ ಕರಿದು ಒಣಗಿಸೋ ದಾರಿ ಕಂಡುಹಿಡಿದ್ರು. 'ಚಿಕ್ಕಪ್ಪ, ಭಾನುವಾರ ನಾನೇ ನಿಮಗೆಲ್ಲ ಕ್ಲಾಸ್ ತಗೋತೀನಿ, ಚಿಕ್ಕಮ್ಮಂಗೂ ಸಾರು ಕುಡಿಯೋಕೆ ಆಗುತ್ತೆ' ಅಂದ. ಕೈ ತೊಳ್ಕೊಂಡು ಕೂತೆ. ಐವತ್ತನಾಲ್ಕು ವರ್ಷಕ್ಕೆ ನನ್ನ ಮೊದಲ ಅಡುಗೆ ಪಾಠ.

ಅರ್ಧ ಕೆಜಿ ಮೈದಾ. ನೀರು 190 ಮಿಲಿ ಅಷ್ಟೇ, ಚಪಾತಿ ಹಿಟ್ಟಿಗೆ ಹಾಕೋದಕ್ಕಿಂತ ಎಷ್ಟೋ ಕಡಿಮೆ. ಆ ನೀರಿಗೆ ಐದು ಗ್ರಾಂ ಉಪ್ಪು, ಇನ್ನೊಂದು ಐದು ಗ್ರಾಂ ಬಿಳಿ ಪುಡಿ. ಅದಕ್ಕೆ ಅವರು ಕನ್ಸುಯಿ ಅಂತಾರೆ. ಇಲ್ಲಿ ಸಿಗದೇ ಇದ್ದಿದ್ದಕ್ಕೆ ಹುಡುಗ ಅಡುಗೆ ಸೋಡಾವನ್ನ ಬಾಣಲೆಯಲ್ಲಿ ಸಣ್ಣ ಉರಿಗೆ ಅರ್ಧ ಗಂಟೆ ಮೇಲೆ ಹುರಿದ. ಬಿಸಿಗೆ ಸೋಡಾ ತನ್ನೊಳಗಿನ ಗಾಳಿ, ನೀರು ಬಿಟ್ಟು ವಾಷಿಂಗ್ ಸೋಡಾದ ಜಾತಿಗೆ ತಿರುಗುತ್ತಂತೆ. ಬರಿಗೈಲಿ ಮುಟ್ಟಬೇಡಿ ಅಂದ. ಅತ್ತಿಗೆ ಬಗ್ಗಿ ನೋಡಿ, 'ಅಯ್ಯೋ, ಇದು ಹಪ್ಪಳಕ್ಕೆ ಹಾಕೋ ಖಾರದಂಥದ್ದೇ ಕಣೋ, ಇಷ್ಟಕ್ಕೆ ಜಪಾನಿಗೆ ಹೋಗ್ಬೇಕಿತ್ತಾ' ಅಂದ್ರು. ಮೆಣಸಿನಕಾಯಿ ಖಾರ ಅಲ್ಲ, ಕ್ಷಾರ. ಅದು ಗೋಧಿಯ ಅಂಟನ್ನ ಬಿಗಿ ಮಾಡುತ್ತೆ, ಎಳೆ ಹಲ್ಲಿಗೆ ರಬ್ಬರಿನ ಹಾಗೆ ಸಿಗೋದು ಅದರಿಂದಲೇ.

ನಮ್ಮ ಗದ್ದೆಯ ತಗ್ಗಿನ ಮೂಲೆಯಲ್ಲಿ ಚೌಳು ಎದ್ದಿರೋದು ನಿಮಗೆ ಗೊತ್ತು, ಬೇಸಿಗೆಯಲ್ಲಿ ಬೆಳ್ಳಗೆ ಪುಡಿ ಕಾಣುತ್ತಲ್ಲ. ಅಲ್ಲೂ ಇದೇ ಸೋಡಾದ ಕಾಟ. ಮಣ್ಣು ಬಿಗಿಯುತ್ತೆ, ನೀರು ಇಳಿಯಲ್ಲ, ಜಿಪ್ಸಂ ಹಾಕಿ ಹಾಕಿ ಸಾಕಾಗಿದೆ. ನನ್ನ ಭೂಮಿ ಕೆಡಿಸೋ ವಸ್ತುವಿಗೆ ಅಲ್ಲಿ ಪೊಟ್ಟಣ ಕಟ್ಟಿ ದುಡ್ಡು ತಗೋತಾರೆ ಅಂತ ನಗು ಬಂತು.

ಹಿಟ್ಟಿಗೆ ಆ ನೀರು ಬಿದ್ದ ಕೂಡಲೇ ಬಣ್ಣ ಹಳದಿಗೆ ತಿರುಗಿತು. ಮೊಟ್ಟೆ ಇಲ್ಲ, ಅರಿಶಿನ ಇಲ್ಲ. ಅರಿಶಿನದ ನೀರಿಗೆ ಸುಣ್ಣ ಬಿದ್ರೆ ಓಕುಳಿ ಕೆಂಪಾಗಲ್ವಾ, ಅದೇ ತರದ ಆಟ. ಗೋಧಿಯೊಳಗೇ ಇರೋ ಬಣ್ಣ ಕ್ಷಾರ ತಾಗಿದ್ರೆ ಎದ್ದು ಕಾಣುತ್ತೆ. ಆದ್ರೆ ಹಿಟ್ಟು ಮುದ್ದೆ ಆಗ್ಲೇ ಇಲ್ಲ, ಬರೀ ಉದುರು ಉದುರು. 'ಹಂಗೇ ಇರ್ಬೇಕು. ಈಗ ಪ್ಲಾಸ್ಟಿಕ್ ಕವರಲ್ಲಿ ಹಾಕಿ ಕಾಲಲ್ಲಿ ತುಳೀಬೇಕು' ಅಂದ ಹುಡುಗ. ಅಡುಗೆಮನೆ ನಿಶ್ಶಬ್ದ ಆಯ್ತು. ಅತ್ತಿಗೆ, 'ತಿನ್ನೋ ಹಿಟ್ಟು ತುಳಿಯೋದಾ? ನನ್ನ ಮನೇಲಿ ಆಗಲ್ಲ' ಅಂತ ಎದ್ದೇ ಬಿಟ್ರು. ಕೊನೆಗೆ ನನ್ನ ಮುಷ್ಟಿಗೆ ಬಂತು ಕೆಲಸ. ಮಂಡಿಯೂರಿ ಮೈಭಾರ ಎಲ್ಲ ಬಿಟ್ಟು ಒತ್ತಿದೆ, ಬದು ಕಟ್ಟುವಾಗ ಕೆಸರು ತಟ್ಟಿದ ಹಾಗೆ. ಅರ್ಧ ಗಂಟೆ ಮುಚ್ಚಿಟ್ಟು ಮತ್ತೆ ತೆಗೆದಾಗ ಅದೇ ಹಿಟ್ಟು ಒಂದಾಗಿತ್ತು. ಲಟ್ಟಿಸಿ, ಹಿಟ್ಟು ಉದುರಿಸಿ, ಮಡಿಸಿ, ಈಳಿಗೆ ಬೇಡ ಅಂತ ಚಾಕುವಿನಲ್ಲಿ ಸಣ್ಣಗೆ ಕೊಯ್ದ್ವಿ. ಕುದಿಯೋ ನೀರಲ್ಲಿ ಎರಡೇ ನಿಮಿಷ.

ಸಾರಿಗೆ ಅಲ್ಲಿ ಹಂದಿ, ಕೋಳಿ ಮೂಳೆ ಕುದಿಸ್ತಾರಂತೆ. ನಮ್ಮ ಮನೆಗೆ ಅದು ನಡೆಯಲ್ಲ. ಹುಡುಗ ಕೊಂಬು ಅನ್ನೋ ಒಣಗಿದ ಸಮುದ್ರದ ಸೊಪ್ಪು, ಒಣ ಅಣಬೆ ತಂದಿದ್ದ. ಸೊಪ್ಪನ್ನ ನೆನೆಸಿ, ಸಣ್ಣಗೆ ಬಿಸಿ ಮಾಡಿ, ನೀರು ಕುದಿ ಬರೋ ಮೊದಲೇ ತೆಗೀಬೇಕು, ಇಲ್ದಿದ್ರೆ ಲೋಳೆ ಬಿಡುತ್ತೆ. ಈ ಸೊಪ್ಪಿನ ರುಚಿ ಎಲ್ಲಿಂದ ಬರುತ್ತೆ ಅಂತ 1908ರಲ್ಲಿ ಇಕೆದಾ ಅನ್ನೋ ಪ್ರೊಫೆಸರ್ ಹುಡುಕಿ, ಅದಕ್ಕೆ ಉಮಾಮಿ ಅಂತ ಹೆಸರಿಟ್ರಂತೆ. ಶುಂಠಿ, ಬೆಳ್ಳುಳ್ಳಿ, ಈರುಳ್ಳಿ ಬಿತ್ತು. ಬಟ್ಟಲ ತಳಕ್ಕೆ ಸೋಯಾ ಸಾಸು, ಮೇಲೆ ಸಾರು, ಅದರೊಳಗೆ ಶಾವಿಗೆ.

ಚೆನ್ನಾಗಿತ್ತು, ಸುಳ್ಳು ಹೇಳಲ್ಲ. ಸೊರ್ರ್ ಅಂತ ಸದ್ದು ಮಾಡಿ ಎಳೀಬೇಕಂತೆ, ಅಲ್ಲಿ ಅದು ತಪ್ಪಲ್ಲ. ಭಾವ ಮಾಡಿದ ಸದ್ದಿಗೆ ಪಕ್ಕದ ಮನೆಯವರು ಇಣುಕಿ ನೋಡಿದ್ರು. ನಮ್ಮನೆಯವಳು ಸಾರನ್ನ ಅರ್ಧ ಬಟ್ಟಲು ಕುಡಿದಳು. ಒಂದು ಎಳೆ ನಾಲಿಗೆ ಮೇಲೆ ಇಟ್ಕೊಂಡು, ಅಂಗಳಕ್ಕೆ ಒತ್ತಿ ನೋಡಿ, ಬಟ್ಟಲಿಗೇ ವಾಪಸ್ ಬಿಟ್ಟಳು. 'ಇದು ಹಲ್ಲಿದ್ದೋರ ಶಾವಿಗೆ ಕಣಕ್ಕ. ಒರಳು ತೆಗಿ' ಅಂದಳು. ಆರು ದಿನದಲ್ಲಿ ಅವಳಾಗೇ ಬೇಕು ಅಂತ ಕೇಳಿದ್ದು ಅದೇ ಮೊದಲು.

ಒರಳು ಅಟ್ಟದ ಮೇಲಿತ್ತು. ಮರದ ಶಾವಿಗೆ ಒರಳು, ಅತ್ತಿಗೆಯ ಅತ್ತೆ ಕಾಲದ್ದು. ತೂತಿನ ಬಿಲ್ಲೆ ಮಾತ್ರ ಭಾವ ಸರ್ವೀಸಲ್ಲಿದ್ದಾಗ ಲೇತಲ್ಲಿ ಹೊಸದಾಗಿ ಮಾಡಿಸಿದ್ದು. ಹುಡುಗಂಗೆ ಮೈದಾ ಹಿಟ್ಟನ್ನೂ ಅದರಲ್ಲೇ ಒತ್ತಿ ನೋಡೋ ಆಸೆ. ಮುರೀತೀಯ ಅಂತ ಅತ್ತಿಗೆ ಕೊಡ್ಲಿಲ್ಲ.

ನಾನು ಊರಿಂದ ಒಂದು ಚೀಲ ಸಣ್ಣಕ್ಕಿ ಒಯ್ದಿದ್ದೆ, ಈ ಸಲದ ಬೆಳೆ. ಅತ್ತಿಗೆ ಮೂಸಿ ನೋಡಿ ಪಕ್ಕಕ್ಕಿಟ್ರು. 'ಹೊಸ ಅಕ್ಕಿ ಒರಳಿಗೆ ಅಂಟುತ್ತೆ, ಎಳೆ ಎಳೆ ಕೂಡ್ಕೊಳ್ಳುತ್ತೆ. ಹಳೇ ದಪ್ಪಕ್ಕಿ ಬೇಕು' ಅಂತ ಡಬ್ಬಿಯಿಂದ ಹೋದ ವರ್ಷದ್ದು ತೆಗೆದ್ರು. ಅನ್ನ ಮಾಡಿದ್ರೆ ಉದುರು ಉದುರಾಗೋ ಅಕ್ಕಿಯೇ ಶಾವಿಗೆಗೆ ಸರಿ. ಜಪಾನಿನ ಅಕ್ಕಿ ಗಿಡ್ಡಕ್ಕೆ, ಅಂಟಂಟು, ಅದರಲ್ಲಿ ಈ ಶಾವಿಗೆ ಏಳಲ್ಲ ಅಂತ ಹುಡುಗನೂ ಒಪ್ಪಿದ.

ರಾತ್ರಿ ನೆನೆಸಿ, ಬೆಳಿಗ್ಗೆ ನುಣ್ಣಗೆ ರುಬ್ಬಿ, ದೋಸೆ ಹಿಟ್ಟಿಗಿಂತ ಸ್ವಲ್ಪ ತೆಳು ಮಾಡಿ, ಉಪ್ಪು, ಒಂದು ಚಮಚ ಕೊಬ್ಬರಿ ಎಣ್ಣೆ. ದಪ್ಪ ತಳದ ಪಾತ್ರೆಯಲ್ಲಿ ಮಗುಚ್ತಾ ಹೋಗ್ಬೇಕು. ಹತ್ತು ನಿಮಿಷಕ್ಕೆ ತೋಳು ಸೋತು ಹೋಗುತ್ತೆ, ಆಗಲೇ ಅದು ತಳ ಬಿಟ್ಟು ಮುದ್ದೆ ಆಗೋದು. ಒದ್ದೆ ಕೈಯಲ್ಲಿ ಉಂಡೆ ಕಟ್ಟಿ, ಇಪ್ಪತ್ತು ನಿಮಿಷ ಹಬೆಯಲ್ಲಿ ಬೇಯಿಸಿ, ಒಂದೊಂದೇ ಉಂಡೆ ಬಿಸಿ ಇದ್ದಾಗಲೇ ಒರಳಿಗೆ. ಒಂದು ಉಂಡೆ ಒಡೆದು ತೋರಿಸಿದ್ರು: ನಡುವೆ ಬಿಳಿ ಹಿಟ್ಟು ಕಂಡ್ರೆ ಬೆಂದಿಲ್ಲ, ಎಳೆ ತುಂಡಾಗುತ್ತೆ. ಉಳಿದ ಉಂಡೆಗಳ ಮೇಲೆ ಮುಚ್ಚಳ ತೆಗೆಯೋ ಹಾಗಿಲ್ಲ. ಆರಿದ್ರೆ ಕಲ್ಲು, ಇಬ್ಬರು ಕೂತ್ರೂ ಒರಳು ಇಳಿಯಲ್ಲ. ನಾನು ಒತ್ತೋನು, ಹುಡುಗ ಬಾಳೆಲೆಯಲ್ಲಿ ಸುತ್ತು ಹಿಡಿಯೋನು. ಕೈಗೆ ಎಷ್ಟು ಭಾರ ಬೇಕು ಅನ್ನೋದನ್ನ ಅತ್ತಿಗೆ ಬಾಯಲ್ಲಿ ಹೇಳ್ಲಿಲ್ಲ, ನನ್ನ ಕೈ ಮೇಲೆ ಅವರ ಕೈ ಇಟ್ಟು ಒಂದ್ಸಲ ಒತ್ತಿದ್ರು. ಒಸಾಕಾದ ಟೀಚರಮ್ಮನೂ ಹಿಂಗೇ ಮಾಡಿದ್ರು ಅಂದ ಹುಡುಗ.

ಎರಡು ದಿನ ಎರಡು ಶಾವಿಗೆ ಮಾಡಿದ ಮೇಲೆ ಇದರ ಲೆಕ್ಕ ನನಗೆ ಅರ್ಥ ಆಯ್ತು. ಗೋಧಿಯಲ್ಲಿ ಅಂಟು ಇದೆ, ನೀರು ಹಾಕಿ ಗುದ್ದಿದ್ರೆ ಅದೇ ಎಳೆ ಹಿಡ್ಕೊಳ್ಳುತ್ತೆ, ಆಮೇಲೆ ಬೇಯಿಸಿದ್ರಾಯ್ತು. ಅಕ್ಕಿಯಲ್ಲಿ ಆ ಅಂಟು ಇಲ್ಲ. ಅದಕ್ಕೆ ಮೊದಲೇ ಬೇಯಿಸಿ, ಪಿಷ್ಟ ಉಬ್ಬಿ ಒಂದಕ್ಕೊಂದು ಅಂಟೋ ಹಾಗೆ ಮಾಡಿ, ಆಮೇಲೆ ಎಳೆ ತೆಗೀಬೇಕು. ಒಂದರಲ್ಲಿ ಜಗಿಯೋದೇ ರುಚಿ. ಇನ್ನೊಂದು ನಾಲಿಗೆಯಲ್ಲೇ ಕರಗುತ್ತೆ, ಒತ್ತುವಾಗಲೇ ಅದು ಪೂರ್ತಿ ಬೆಂದಿರುತ್ತೆ. ನಮ್ಮ ಹೊನ್ನಾಳಿ ಕಡೆ ಮಣೆ ಮೇಲೆ ಹೊಸೆದು ಒಣಗಿಸೋ ಗೋಧಿ ಶಾವಿಗೆಯೂ ಆ ರಾಮೆನ್ ಕಡೆಯ ನೆಂಟನೇ. ಅದಕ್ಕೆ ನಮ್ಮಮ್ಮ ಕೊನೆಗಾಲದಲ್ಲಿ ಅದನ್ನ ಮುಟ್ತಿರಲಿಲ್ಲ ಅಂತ ಈಗ ಅನ್ನಿಸುತ್ತೆ.

ಕಾಯಿಹಾಲಿಗೆ ಬೆಲ್ಲ, ಏಲಕ್ಕಿ ಹಾಕಿ ಶಾವಿಗೆ ಮುಳುಗೋವಷ್ಟು ಸುರಿದು ಕೊಟ್ವಿ. ಅವಳು ಚಮಚದಲ್ಲಿ ಎಳೆಗಳನ್ನ ಕತ್ತರಿಸಿ ಕತ್ತರಿಸಿ, ನಾಲಿಗೆಯಿಂದ ಒತ್ತಿ ನುಂಗಿದಳು. ಯಾರೂ ಮಾತಾಡ್ಲಿಲ್ಲ. ಬಟ್ಟಲು ಖಾಲಿ ಆಯ್ತು. 'ಬೆಲ್ಲ ಕಮ್ಮಿ' ಅಂದಳು. ಅತ್ತಿಗೆ ಅಡುಗೆಮನೆಗೆ ಹೋಗಿ ಸುಮಾರು ಹೊತ್ತು ಬರಲೇ ಇಲ್ಲ.

ಮುಂದಿನ ಹನ್ನೆರಡು ದಿನದಲ್ಲಿ ಒಂಬತ್ತು ದಿನ ಒರಳು ಇಳಿದಿದೆ. ಒಂದಿನ ಕಾಯಿಹಾಲು, ಒಂದಿನ ತಿಳಿಸಾರು, ಒಂದಿನ ಹುಡುಗನ ಕೊಂಬು ಸಾರಿಗೇ ಅಕ್ಕಿ ಶಾವಿಗೆ ಹಾಕಿದ್ವಿ. ಜಪಾನಿನವರು ಒಪ್ತಾರೋ ಇಲ್ವೋ, ಅವಳು ಒಪ್ಪಿದಳು. ಕೊನೇ ಸಲ ತೋರಿಸೋಕೆ ಹೋದಾಗ ಎರಡು ಕೆಜಿ ವಾಪಸ್ ಬಂದಿತ್ತು. ಬರುವಾಗ ಶಿವಮೊಗ್ಗ ಗಾಂಧಿ ಬಜಾರಿನಲ್ಲಿ ಸ್ಟೀಲಿನ ಶಾವಿಗೆ ಒತ್ತು ತಗೊಂಡ್ವಿ, ತಿರುಪು ತಿರುಗಿಸೋದು. ಮರದ ಒರಳಿನಷ್ಟು ಹಿತ ಇಲ್ಲ, ಆದ್ರೆ ಒಬ್ಬನೇ ಇದ್ರೂ ಕೆಲಸ ಆಗುತ್ತೆ.

ಇನ್ನು ಗದ್ದೆ ವಿಷಯ. ಪಕ್ಕದವರು ಅಡಿಕೆಗೆ ಗುಂಡಿ ತೆಗೆಸ್ತಿದ್ದಾರೆ, ನೀವೂ ಸೇರ್ಕೊಳಿ, ಜೆಸಿಬಿ ಇದ್ದಾಗಲೇ ಆಗಿಬಿಡ್ಲಿ ಅಂತ ಮಗ ಒತ್ತಾಯ ಮಾಡ್ತಿದ್ದ. ಕೆಳಗಿನ ಹತ್ತು ಗುಂಟೆ ಬಿಟ್ಟು ಉಳಿದದ್ದು ನೋಡೋಣ ಅಂದಿದ್ದೀನಿ. ಆ ಹತ್ತು ಗುಂಟೆಗೆ ಮಳೆಗಾಲದಲ್ಲಿ ಜಯಾ ಭತ್ತ ಹಾಕ್ತೀನಿ. ದಪ್ಪ ಭತ್ತಕ್ಕೆ ಮಂಡಿಯಲ್ಲಿ ರೇಟಿಲ್ಲ ಅಂತ ಗೊತ್ತು, ಮಂಡಿಗೆ ಒಯ್ಯೋದೂ ಇಲ್ಲ. ಒಕ್ಕಿ, ಒಣಗಿಸಿ, ಒಂದು ವರ್ಷ ಚೀಲದಲ್ಲೇ ಬಿಡ್ಬೇಕು. ಶುದ್ಧ ಜಯಾ ಬೀಜ ಹತ್ತು ಕೆಜಿ ಯಾರ ಹತ್ರ ಇದ್ರೂ ತಿಳಿಸಿ, ನಾನೇ ಬಂದು ತಗೊಂಡು ಹೋಗ್ತೀನಿ.